ಇಳಿದ ಬೆಲೆ

ನಂಜನಗೂಡಿನ ಅಂಗಡಿ ಬೀದಿಯಲ್ಲಿ ಈಗ ಬ್ಯಾಟರಿ ಗಾಡಿಗಳು ಬೆನ್ನ ಹಿಂದೆ ಸದ್ದಿಲ್ಲದೆ ಬಂದು ನಿಲ್ಲುತ್ತವೆ. ಹಾರ್ನ್ ಹೊಡೆದಾಗಲೇ ಅವು ಅಲ್ಲಿರುವುದು ತಿಳಿಯುವುದು. ‘ಪಕ್ಕಕ್ಕೆ ಬನ್ನಿ ತಾತ’ ಎನ್ನುತ್ತಾರೆ ಓಡಿಸುವವರು. ಈ ಬೀದಿಗೆ ಇಂಥ ಮೊದಲ ಗಾಡಿಯನ್ನು ತಂದವನಿಗೇ ಪಕ್ಕಕ್ಕೆ ಸರಿಯಲು ಹೇಳುತ್ತಿದ್ದೇವೆ ಎಂಬುದು ಅವರಿಗೆ ತಿಳಿಯದು. ತಿಳಿಸಲು ನಾನೂ ಹೋಗುವುದಿಲ್ಲ. ಮನೆಗೆ ಬಂದು, ಮಂಚದ ಕೆಳಗಿನ ಟ್ರಂಕಿನಿಂದ ಒಂದು ಕಾಗದ ತೆಗೆದು ಓದುತ್ತೇನೆ. ಬೆಂಗಳೂರಿನ ಆಮದುದಾರರೊಬ್ಬರು ನನಗೆ ಕಳುಹಿಸಿದ ಒಂದೇ ಪುಟದ ಕಾಗದ. ಅದರಲ್ಲಿ ಎರಡು ಪದಗಳ ಕೆಳಗೆ ನಾನು ಎಳೆದ ಕೆಂಪು ಪೆನ್ಸಿಲಿನ ಗೆರೆ ಇನ್ನೂ ಮಾಸಿಲ್ಲ.

ಬೆಂಗಳೂರಿನ ಕಂಪನಿಯ ಕಾಗದ ಕನ್ನಡದಲ್ಲಿ ಏಕಿದೆ ಎಂಬುದನ್ನು ಮೊದಲು ಹೇಳಬೇಕು. ಅದಕ್ಕೆ ತೊಂಬತ್ತರ ದಶಕಕ್ಕೆ ಹೋಗಬೇಕಾಗುತ್ತದೆ.

ಆಗ ನನ್ನದು ಸೈಕಲ್ ಅಂಗಡಿ. ಮಾರಾಟ, ರಿಪೇರಿ, ಗಂಟೆಯ ಲೆಕ್ಕದಲ್ಲಿ ಬಾಡಿಗೆ, ಮೂರೂ ಇದ್ದವು. ಬಿಡಿಭಾಗಗಳು ಉತ್ತರದಿಂದ ಬರುತ್ತಿದ್ದವು. ಮೈಸೂರಿನವರೆಗೆ ಒಂದು ರೈಲು, ಅಲ್ಲಿಂದ ನಮ್ಮೂರಿಗೆ ಮೀಟರ್ ಗೇಜಿನ ಪುಟ್ಟ ರೈಲು. ಸ್ಟೇಷನ್ನಿನ ಪಾರ್ಸೆಲ್ ಆಫೀಸಿನಲ್ಲಿ ಗೋಣಿಯ ಹೊಲಿಗೆ ಬಿಚ್ಚಿದಾಗ ಗ್ರೀಸು ಸವರಿದ ಚೈನುಗಳ ವಾಸನೆಯೂ ಹೊಸ ಟೈರಿನ ವಾಸನೆಯೂ ಒಟ್ಟಿಗೆ ಮೂಗಿಗೆ ಹೊಡೆಯುತ್ತಿದ್ದವು. ಕಪಿಲೆಯ ಕಡೆಯಿಂದ ಗಾಳಿ ಬೀಸಿದರೂ ಆ ವಾಸನೆ ಬಟ್ಟೆಯಿಂದ ಹೋಗುತ್ತಿರಲಿಲ್ಲ. ನನ್ನ ಹೆಂಡತಿ ನಾನು ಮನೆಗೆ ಬಂದದ್ದನ್ನು ಹೆಜ್ಜೆಯ ಸದ್ದಿನಿಂದಲ್ಲ, ವಾಸನೆಯಿಂದ ತಿಳಿಯುತ್ತಿದ್ದಳು.

ಬೆಲೆಪಟ್ಟಿ ವರ್ಷಕ್ಕೊಂದು ಬರುತ್ತಿತ್ತು. ತೆಳು ಹಳದಿ ಕಾಗದದ ಮೇಲೆ ಅಚ್ಚಾದ ಪಟ್ಟಿ. ಒಂದು ದೀಪಾವಳಿಯಿಂದ ಇನ್ನೊಂದು ದೀಪಾವಳಿಯವರೆಗೆ ಅದರ ಅಂಕಿ ಅಲುಗುತ್ತಿರಲಿಲ್ಲ. ಆ ಧೈರ್ಯದ ಮೇಲೆಯೇ ನಾನು ಅಂಗಡಿಯ ನೆತ್ತಿಯ ಮೇಲೆ ಎನಾಮಲ್ ಬಣ್ಣದಲ್ಲಿ ‘ಒಂದೇ ಮಾತು, ಒಂದೇ ಬೆಲೆ’ ಎಂದು ನನ್ನ ಕೈಯಾರೆ ಬರೆದಿದ್ದೆ. ಚೌಕಾಸಿಗೆ ಬಂದವರಿಗೆ ಬಾಯಿ ತೆರೆಯದೆ ಬೆರಳು ಮೇಲಕ್ಕೆ ತೋರಿಸುತ್ತಿದ್ದೆ.

ಒಂದು ವರ್ಷ ಪಟ್ಟಿಯ ಕೊನೆಯಲ್ಲಿ ಎಫ್.ಓ.ಆರ್. ಎಂಬ ಮೂರು ಇಂಗ್ಲಿಷ್ ಅಕ್ಷರಗಳು ಹೊಸದಾಗಿ ಸೇರಿಕೊಂಡವು. ನಾನು ಕನ್ನಡ ಮಾಧ್ಯಮದಲ್ಲಿ ಎಸ್ಸೆಸ್ಸೆಲ್ಸಿಯವರೆಗೆ ಓದಿದವನು. ಅರ್ಥ ಕೇಳಲು ಮೈಸೂರಿನ ಸಗಟು ಅಂಗಡಿಗೆ ಹೋದೆ. ಕೌಂಟರಿನ ಮುಂದೆ ಎರಡು ಸ್ಟೂಲುಗಳು ಖಾಲಿ ಇದ್ದವು. ಕೂರಿ ಎಂದು ಯಾರೂ ಹೇಳಲಿಲ್ಲ. ನಿಂತೇ ಕೇಳಿದೆ.

ಕೌಂಟರಿನ ಹಿಂದಿದ್ದ ವ್ಯಕ್ತಿ ಪಕ್ಕದವನ ಕಡೆ ತಿರುಗಿ, ‘ನೋಡ್ರೀ, ಸೈಕಲ್ ಅಂಗಡಿ ಇಟ್ಟವ್ರಂತೆ. ಎಫ್ಓಆರ್ ಗೊತ್ತಿಲ್ವಂತೆ’ ಎಂದ. ಆಮೇಲೆ ನನ್ನ ಕಡೆ ತಿರುಗಿ, ‘ಫಾರ್ ಅಂತ ಓದ್ಕೊಳ್ಳಿ ಯಜಮಾನ್ರೇ. ನಿಮಗಾಗಿ ಅಂತ ಅರ್ಥ’ ಎಂದ. ಇಬ್ಬರೂ ನಕ್ಕರು. ನಕ್ಕಾಗ ಅವನ ಬಾಯಲ್ಲಿದ್ದ ಅಡಿಕೆಯ ಚೂರು ಪಟ್ಟಿಯ ಮೇಲೆ ಬಿತ್ತು. ಅದನ್ನು ಅವನು ಒರೆಸಲೂ ಇಲ್ಲ.

ಅರ್ಥ ಹೇಳಿಕೊಟ್ಟವರು ನಮ್ಮೂರಿನ ಪಾರ್ಸೆಲ್ ಆಫೀಸಿನ ಗುಮಾಸ್ತರು. ರೈಲಿಗೆ ಹತ್ತಿಸುವವರೆಗಿನ ಖರ್ಚು ಕಳುಹಿಸುವವರದು, ಆಮೇಲಿನದು ನಮ್ಮದು, ಅಷ್ಟೇ. ಬೆಲೆ ಎಲ್ಲಿ ಹತ್ತುತ್ತದೆ ಎಂಬುದನ್ನು ನಾನು ಅಂದು ಕಲಿತೆ. ಎಲ್ಲಿ ಇಳಿಯುತ್ತದೆ ಎಂಬುದನ್ನು ಕಲಿಯಲು ಇನ್ನೂ ಹತ್ತು ಹದಿನೈದು ವರ್ಷ ಬೇಕಾಯಿತು. ಮೈಸೂರಿನ ಆ ಅಂಗಡಿಯ ಮೆಟ್ಟಿಲನ್ನು ಮತ್ತೆ ತುಳಿಯಲಿಲ್ಲ. ಜೊತೆಗೆ ಒಂದು ನಿಯಮ ಮಾಡಿಕೊಂಡೆ. ನನಗೆ ಮಾಲು ಮಾರಬೇಕೆನ್ನುವವರು ಬೆಲೆಯನ್ನು ಕನ್ನಡದಲ್ಲಿ ಬರೆದು ಕಳುಹಿಸಬೇಕು. ಇಂಗ್ಲಿಷಿನಲ್ಲಿ ಬಂದದ್ದನ್ನು ಲಕೋಟೆಸಮೇತ ಹಿಂದಿರುಗಿಸುತ್ತಿದ್ದೆ. ಕೆಲವರು ಬಿಟ್ಟು ಹೋದರು. ಹೆಚ್ಚಿನವರು ಬರೆದರು.

ಅದೇ ದಿನಗಳಲ್ಲಿ ದೇವನೂರಿನ ಕಡೆಯ ಹಳ್ಳಿಗಳಿಗೆ ಹೊಸದಾಗಿ ಬಂದಿದ್ದ ಆರೋಗ್ಯ ಸಹಾಯಕಿಯೊಬ್ಬರು ಅಂಗಡಿಗೆ ಬಂದರು. ಜನ ಅವರನ್ನು ಸಿಸ್ಟರಮ್ಮ ಎನ್ನುತ್ತಿದ್ದರು. ಅವರಿಗೊಂದು ಲೇಡೀಸ್ ಸೈಕಲ್ ಬೇಕಾಗಿತ್ತು.

‘ಐವತ್ತು ರೂಪಾಯಿ ಕಮ್ಮಿ ಮಾಡ್ಕಳಿ ಅಣ್ಣ.’

ನಾನು ಬೆರಳು ಮೇಲಕ್ಕೆ ತೋರಿಸಿದೆ.

‘ಓದ್ದೆ ಕಣಣ್ಣ. ಒಂದೇ ಬೆಲೆ ಅಂತ ಬರ್ದದೆ. ಎಷ್ಟು ಅಂತ ಬರ್ದಿಲ್ವಲ್ಲ? ಐವತ್ತು ಕಮ್ಮಿದೂ ಒಂದೇ ಬೆಲೆನೇ ತಾನೆ?’

ಅಂಗಡಿಯಲ್ಲಿದ್ದವರೆಲ್ಲ ನಕ್ಕರು. ಆ ನಗು ನನಗೆ ಚುಚ್ಚಲಿಲ್ಲ, ನಾನೂ ನಕ್ಕೆ. ಬೆಲೆ ಬಿಡಲಿಲ್ಲ. ಆದರೆ ಲಸಿಕೆಯ ಡಬ್ಬಿ ಇಡಲು ಹ್ಯಾಂಡಲಿಗೆ ಬೆತ್ತದ ಬುಟ್ಟಿಯೊಂದನ್ನು ಕಟ್ಟಿಕೊಟ್ಟೆ. ಸೀರೆ ಉಟ್ಟ ಹೆಂಗಸು ಸೈಕಲ್ ತುಳಿಯುವುದನ್ನು ನೋಡಲು ಹಳ್ಳಿಗಳಲ್ಲಿ ಮೊದಮೊದಲು ಜನ ಜಗಲಿಯ ಮೇಲೆ ಬಂದು ನಿಲ್ಲುತ್ತಿದ್ದರಂತೆ. ಮುಂದೆ ಅವರಿಗೆ ಮೂಗೂರಿನ ಕಡೆಗೆ ವರ್ಗವಾಯಿತು. ಸೈಕಲ್ಲೂ ಅವರೊಂದಿಗೆ ಹೋಯಿತು.

ಹೊಸ ಶತಮಾನ ಬಂದು ಏಳೆಂಟು ವರ್ಷ ಕಳೆಯುವಷ್ಟರಲ್ಲಿ ನನ್ನ ಅಂಗಡಿ ಸೊರಗಿತ್ತು. ಶಾಲೆಯ ಮಕ್ಕಳಿಗೆ ಸರ್ಕಾರವೇ ಸೈಕಲ್ ಕೊಡಲಾರಂಭಿಸಿತ್ತು. ದೊಡ್ಡವರು ಮೊಪೆಡ್ಡಿಗೆ ಹೋಗಿದ್ದರು. ಹಾಗೆ ಮೊಪೆಡ್ ಮಾರಿ ಗೆದ್ದವರಲ್ಲಿ ಒಬ್ಬ ನನ್ನ ಷಡ್ಡಕ, ಎಂದರೆ ನನ್ನ ಹೆಂಡತಿಯ ತಂಗಿಯ ಗಂಡ. ತಿ. ನರಸೀಪುರದ ಬಸ್ ನಿಲ್ದಾಣದ ಹತ್ತಿರ ಅವನ ಅಂಗಡಿ. ಅವನೂ ಸೈಕಲ್ಲಿನಿಂದಲೇ ಮೇಲೆ ಬಂದವನು. ಆದರೂ ಮಾವನ ಮನೆಯ ಮದುವೆಯೊಂದರಲ್ಲಿ ಬೀಗರಿಗೆ ನನ್ನನ್ನು ‘ಇವರು ನಮ್ಮಣ್ಣ, ಪಂಚರ್ ಹಾಕ್ತಾರೆ’ ಎಂದು ಪರಿಚಯಿಸಿದ್ದ. ಊಟದ ಎಲೆಯ ಮುಂದೆ ಕುಳಿತಿದ್ದೆ. ಏಳುವಂತಿರಲಿಲ್ಲ. ಪಾಯಸದ ರುಚಿ ಏನಿತ್ತೋ ಇಂದಿಗೂ ತಿಳಿಯದು.

ಅಂಥ ಹೊತ್ತಿನಲ್ಲಿ ಸಿಸ್ಟರಮ್ಮ ಮತ್ತೆ ಬಂದರು. ಕೂದಲು ನರೆತಿತ್ತು. ಮೆಟ್ಟಿಲು ಹತ್ತುವಾಗ ಮೊಣಕಾಲು ಹಿಡಿದುಕೊಂಡರು. ಕೈಯಲ್ಲಿ ಪತ್ರಿಕೆಯಿಂದ ಕತ್ತರಿಸಿದ ಒಂದು ಜಾಹೀರಾತು.

‘ಅಣ್ಣ, ಸೈಕಲ್ ತುಳಿಯಕ್ಕೆ ಆಗ್ತಿಲ್ಲ. ನಮ್ಮ ಆಸ್ಪತ್ರೆ ಡಾಕ್ಟ್ರು ಏನಂತವ್ರೆ ಗೊತ್ತಾ, ಯುಗಾದಿ ಒಳಗೆ ಒಂದು ಗಾಡಿ ತಗೋ, ಇಲ್ಲ ಅಂದ್ರೆ ಮೂಗೂರಿನ ಹಳ್ಳಿಗಳ್ನ ಬೇರೆಯವ್ರಿಗೆ ಬುಟ್ಟುಕೊಡು ಅಂತ. ಇಸ್ಕೂಲಲ್ಲಿ ನಾನು ಸೂಜಿ ಹಾಕಿದ ಹೆಣ್ಮಕ್ಳು ಈಗ ಬಸುರಿಯರು ಕಣಣ್ಣ. ಬುಟ್ಟು ಹೆಂಗೆ ಹೋಗ್ಲಿ?’

‘ಮೊಪೆಡ್ ತಗೊಳ್ಳಬಹುದಲ್ಲ ತಾಯಿ?’

‘ನಿಮ್ಮ ಷಡ್ಕರ ಅಂಗಡೀಲೇ ಕೇಳಿವ್ನಿ. ಅದಕ್ಕೆ ಲೈಸೆನ್ಸ್ ಬೇಕು. ಈ ವಯಸ್ಸಲ್ಲಿ ಎಂಟು ಹೊಡ್ದು ತೋರ್ಸಕ್ಕೆ ನಾನೊಲ್ಲೆ. ಈ ಬ್ಯಾಟರಿ ಗಾಡಿಗೆ ಲೈಸೆನ್ಸೂ ಬೇಡ್ವಂತೆ, ಪೆಟ್ರೋಲೂ ಬೇಡ್ವಂತೆ. ನೀವು ಒಂದೇ ಮಾತ್ನವ್ರು. ಬೆಲೆ ಹೇಳಿ, ಸಾಕು.’

ಬ್ಯಾಟರಿ ಗಾಡಿಯ ವ್ಯಾಪಾರ ಹೇಗೆಂದು ವಿಚಾರಿಸತೊಡಗಿದೆ. ಎಲ್ಲವೂ ಚೀನಾದಿಂದ ಹಡಗಿನಲ್ಲಿ ಚೆನ್ನೈಗೆ ಬರುತ್ತಿದ್ದವು. ಮೂರು ಊರುಗಳ ಮೂವರು ಸರಬರಾಜುದಾರರ ಬಳಿಗೆ ಹೋಗಿ ಮೂರು ಹೆಸರಿನ ಮೂರು ಗಾಡಿಗಳನ್ನು ನೋಡಿದೆ. ಒಂದರ ಸ್ಟಿಕ್ಕರಿನ ಅಂಚನ್ನು ಉಗುರಿನಿಂದ ಎತ್ತಿದಾಗ ಅಡಿಯಲ್ಲಿ ಇನ್ನೊಂದರ ಸ್ಟಿಕ್ಕರು ಕಂಡಿತು. ಮೂರೂ ಒಂದೇ ಗಾಡಿ. ಬೆಲೆ ಮಾತ್ರ ಮೂರು ಬಗೆ. ಅದೂ ಡಾಲರಿನೊಂದಿಗೆ ಏರಿ ಇಳಿಯುವ ಬೆಲೆ. ‘ಈ ದರ ಏಳು ದಿನಕ್ಕೆ ಮಾತ್ರ’ ಎನ್ನುತ್ತಿದ್ದರು. ದೀಪಾವಳಿಯಿಂದ ದೀಪಾವಳಿಗೆ ಉಸಿರು ಹಿಡಿದು ನಿಲ್ಲುತ್ತಿದ್ದ ನನ್ನ ಹಳದಿ ಪಟ್ಟಿ ನೆನಪಾಯಿತು.

ಮೂವರಲ್ಲಿ ಕನ್ನಡದಲ್ಲಿ ಬೆಲೆ ಬರೆದು ಕಳುಹಿಸಲು ಒಪ್ಪಿದವರು ಬೆಂಗಳೂರಿನವರೊಬ್ಬರೇ. ವಾರದೊಳಗೆ ಕಾಗದ ಬಂತು. ‘ಮಾನ್ಯರೇ, ತಾವು ವಿಚಾರಿಸಿದ ವಿದ್ಯುತ್ ದ್ವಿಚಕ್ರ ವಾಹನದ ಇಳಿದ ಬೆಲೆ ಗಾಡಿ ಒಂದಕ್ಕೆ ಹದಿನಾರು ಸಾವಿರದ ಎಂಟುನೂರು ರೂಪಾಯಿ.’

ಇಳಿದ ಬೆಲೆ! ಬೆಲೆ ಇಳಿದಿದೆ ಎಂದು ಅವರೇ ಮುಂದಾಗಿ ತಿಳಿಸಿದ್ದಾರೆ ಎಂದುಕೊಂಡೆ. ಇಷ್ಟು ವರ್ಷಗಳಲ್ಲಿ ಹಾಗೆ ಬರೆದ ಸರಬರಾಜುದಾರರನ್ನು ನಾನು ಕಂಡಿರಲಿಲ್ಲ. ಕನ್ನಡದಲ್ಲಿ ಕೇಳಿದ್ದಕ್ಕೆ ಸಿಕ್ಕ ಗೌರವ ಇದೆಂದು ಬೀಗಿದೆ ಕೂಡ. ನನ್ನ ಪಾಲಿನ ಅಲ್ಪ ಲಾಭ ಸೇರಿಸಿ, ಹದಿನೇಳೂವರೆ ಸಾವಿರ, ಒಂದು ಪೈಸೆ ಹೆಚ್ಚಿಲ್ಲ ಎಂದು ಚೀಟಿ ಬರೆದು, ಸಹಿ ಹಾಕಿ ಸಿಸ್ಟರಮ್ಮನವರಿಗೆ ಕೊಟ್ಟೆ. ಯುಗಾದಿಗೆ ಮುಂಚಿನ ಗುರುವಾರ, ಮೂಗೂರಿಗೆ ಹೋಗುವ ದಾರಿಯಲ್ಲಿರುವ ನರಸೀಪುರದ ಬಸ್ ನಿಲ್ದಾಣದಲ್ಲಿ ಗಾಡಿ ಒಪ್ಪಿಸುವುದಾಗಿಯೂ ಬರೆದೆ. ಅಂಗಡಿಯ ಮುಂದಿನ ಕಪ್ಪು ಹಲಗೆಯ ಮೇಲೆ ಸೀಮೆಸುಣ್ಣದಲ್ಲಿ ‘ಬ್ಯಾಟರಿ ಗಾಡಿ, ಇಳಿದ ಬೆಲೆ’ ಎಂದು ಬರೆದಿಟ್ಟೆ. ಸಿಸ್ಟರಮ್ಮ ಆ ಚೀಟಿಯನ್ನು ನಂಬಿ, ಹಳ್ಳಿಗಳನ್ನು ತಾವೇ ಇಟ್ಟುಕೊಳ್ಳುವುದಾಗಿ ಡಾಕ್ಟರಿಗೆ ಬರೆದುಕೊಟ್ಟರು. ಷಡ್ಡಕನಿಗೆ ಮೊಪೆಡ್ ಬೇಡವೆಂದರು.

ಗಾಡಿ ಕಳುಹಿಸಿರೆಂದು ನಾನು ಬರೆದದ್ದಕ್ಕೆ ಉತ್ತರವಾಗಿ ಬಂದ ಬಿಲ್ಲಿನಲ್ಲಿ ಇಪ್ಪತ್ತೊಂದು ಸಾವಿರ ಚಿಲ್ಲರೆ ಇತ್ತು. ಎದುರಿನ ಅಂಗಡಿಯ ಫೋನಿನಿಂದ ಬೆಂಗಳೂರಿಗೆ ಮಾತನಾಡಿದೆ. ಫೋನು ಎತ್ತಿಕೊಂಡವರು ಅವರ ಆಫೀಸಿನ ಟೈಪಿಸ್ಟ್ ಹೆಂಗಸು.

‘ಕಾಗದ ಬರೆದವರು ಯಾರಮ್ಮ?’

‘ನಾನೇ ಸಾ. ಸಾಹೇಬ್ರು ಇಂಗ್ಲಿಷ್‌ನಲ್ಲಿ ಕೊಟ್ರು, ನಾನು ಕನ್ನಡ ಮಾಡ್ದೆ.’

‘ಇಳಿದ ಬೆಲೆ ಎಂದು ಬರೆದು ಏರಿದ ಬಿಲ್ಲು ಕಳುಹಿಸಿದ್ದೀರಲ್ಲ, ಇದು ಯಾವ ನ್ಯಾಯ?’

‘ಅಯ್ಯೋ ಸಾ, ಅದು ಕಮ್ಮಿ ಆದ ಬೆಲೆ ಅಂತಲ್ಲ. ಲ್ಯಾಂಡೆಡ್ ಪ್ರೈಸ್ ಅಂತ ಇತ್ತು. ಏರೋಪ್ಲೇನ್ ಲ್ಯಾಂಡ್ ಆಯ್ತು ಅಂದ್ರೆ ಇಳೀತು ಅಂತೀವಲ್ಲ ಸಾ? ಹಂಗೆ ಹಡಗಿಂದ ಇಳಿದ ಬೆಲೆ. ಚೆನ್ನೈನಲ್ಲಿ ಸುಂಕ ಕಟ್ಟಿ ಇಳಿಸೋ ತನಕ ಆದ ಬೆಲೆ. ಆಮೇಲೆ ಲಾರಿ, ಗೋಡೌನು, ಗಾಡಿ ಜೋಡ್ಸೋ ಕೂಲಿ ಎಲ್ಲಾ ಬೇರೆ.’

‘ಹಾಗೆಂದು ಬರೆಯಬೇಕಿತ್ತು.’

‘ಕನ್ನಡದಲ್ಲೇ ಬೇಕು ಅಂತ ನೀವೇ ಹಟ ಹಿಡಿದ್ರಂತಲ್ಲ ಸಾ. ಇದ್ನ ಕನ್ನಡದಲ್ಲಿ ಏನಂತಾರೆ ಅಂತ ನಮಗಾರು ಹೇಳ್ಕೊಟ್ಟವ್ರೆ?’

ಸಿಟ್ಟು ಮಾಡಿಕೊಳ್ಳಲು ಒಬ್ಬ ಮನುಷ್ಯ ಬೇಕು. ಇಲ್ಲಿ ಸಿಕ್ಕವರು ನನ್ನ ಹಟಕ್ಕೆ ಓಗೊಟ್ಟು, ತಮಗೆ ತಿಳಿದಷ್ಟು ಕನ್ನಡ ಬರೆದ ಹೆಂಗಸು. ಅವರ ಮಾತಿನಲ್ಲಿ ನಮ್ಮ ಕಡೆಯ ಎಳೆ ಇತ್ತು. ಊರು ಯಾವುದೆಂದು ಕೇಳಿದೆ. ಬನ್ನೂರು ಎಂದರು.

ಸುದ್ದಿ ಹೆಂಡತಿಯಿಂದ ಅವಳ ತಂಗಿಗೂ, ಅಲ್ಲಿಂದ ಷಡ್ಡಕನಿಗೂ ಮುಟ್ಟಿತು. ಆ ವಾರವೇ ನಂಟರೊಬ್ಬರ ಗೃಹಪ್ರವೇಶವಿತ್ತು. ಕೈ ತೊಳೆಯುವ ನಲ್ಲಿಯ ಹತ್ತಿರ, ನಾಲ್ಕು ಜನ ಕೇಳುವಂತೆ ಅವನೆಂದ: ‘ಏನಣ್ಣೋರೇ, ಬೋರ್ಡಲ್ಲಿ ಇಳ್ದದೆ ಅಂತ ಬರ್ದಿದ್ರಂತಲ್ಲ. ಇಳ್ದಿದ್ದು ಬೆಲೆನಾ, ಮರ್ವಾದೆನಾ?’

ಯಾರು ಯಾರು ನಕ್ಕರು, ಯಾರು ನಕ್ಕಂತೆ ಮಾಡಿ ಮುಖ ಒರೆಸಿಕೊಂಡರು ಎಂಬುದು ನನಗೆ ನೆನಪಿದೆ. ಒಬ್ಬೊಬ್ಬರ ಅಂಗಿಯ ಬಣ್ಣವೂ ನೆನಪಿದೆ.

ಮನೆಗೆ ಬಂದು, ಚೀಟಿ ವಾಪಸ್ ಪಡೆಯುವ ಮಾತೇ ಇಲ್ಲ ಎಂದೆ. ಹೆಂಡತಿ, ‘ವಾಪಸ್ ತಗಳಿ ಅಂತ ಯಾರಂದ್ರು? ಮೂವತ್ತು ವರ್ಷದಿಂದ ಸೈಕಲ್ ಜೋಡಿಸ್ತಿದ್ದೀರಿ. ಆ ಗಾಡಿ ಜೋಡ್ಸಕ್ಕೆ ಬೆಂಗಳೂರ್ನವ್ರಿಗೆ ಕೂಲಿ ಯಾಕೆ ಕೊಡಬೇಕು?’ ಎಂದಳು.

ಅದು ನನಗೆ ಹೊಳೆದಿರಲಿಲ್ಲ. ಮಾರನೆಯ ದಿನ ಮತ್ತೆ ಫೋನು ಮಾಡಿ, ಜೋಡಿಸದ ಪೆಟ್ಟಿಗೆಯನ್ನೇ ಕೊಡಿ, ನಾನೇ ಬಂದು ಒಯ್ಯುತ್ತೇನೆ, ನಿಮ್ಮ ಇಳಿದ ಬೆಲೆಯನ್ನೇ ಕೊಡುತ್ತೇನೆ ಎಂದೆ. ಅವರ ಸಾಹೇಬರು ಒಪ್ಪಲಿಲ್ಲ. ಅಷ್ಟರಲ್ಲಿ ಡಾಲರು ಏರಿತ್ತಂತೆ. ಆ ಬೆಲೆಯ ಹಡಗು ಬೇರೆ, ಈ ಬೆಲೆಯ ಹಡಗು ಬೇರೆ ಎಂದರಂತೆ. ಎರಡು ದಿನಗಳ ಮೇಲೆ ಟೈಪಿಸ್ಟೇ ಫೋನು ಮಾಡಿದರು. ‘ಸಾ, ಹಳೇ ಹಡಗಿನ, ಹಳೇ ಬೆಲೆಯ ಪೆಟ್ಟಿಗೆ ಒಂದು ಉಳಿದದೆ. ಮೂಲೆ ನೆಗ್ಗೋಗದೆ, ಯಾರೂ ತಗೊಂಡಿಲ್ಲ. ಗೋಡೌನ್ ಖರ್ಚು ಬಿಡ್ಸಿವ್ನಿ. ಬೇಗ ಬನ್ನಿ.’

ನಮ್ಮೂರಿನ ಕಾರ್ಖಾನೆಗೆ ಬರುವ ಲಾರಿಯೊಂದರಲ್ಲಿ ಪೆಟ್ಟಿಗೆಯೊಂದಿಗೆ ಬಂದಿಳಿದೆ. ಗುರುವಾರಕ್ಕೆ ಐದು ದಿನ ಉಳಿದಿತ್ತು.

ಪೆಟ್ಟಿಗೆಯೊಳಗಿನ ವಿವರಣೆಯ ಹಾಳೆ ಪೂರ್ತಿ ಚೀನೀ ಭಾಷೆಯಲ್ಲಿತ್ತು. ಇಂಗ್ಲಿಷು ಕೂಡ ಇರಲಿಲ್ಲ. ಅದನ್ನು ಕಂಡು ನನಗೆ ವಿಚಿತ್ರವಾದ ನೆಮ್ಮದಿಯಾಯಿತು. ಈ ಹಾಳೆಯ ಮುಂದೆ ಮೈಸೂರಿನ ಆ ಕೌಂಟರಿನವನೂ ನನ್ನಂತೆಯೇ ನಿಲ್ಲಬೇಕಾಗುತ್ತಿತ್ತು. ಚಿತ್ರಗಳನ್ನು ನೋಡಿಕೊಂಡು ಫೋರ್ಕು, ಹ್ಯಾಂಡಲು, ಬ್ರೇಕು ಕೂಡಿಸಿದೆ. ಅದೆಲ್ಲ ಸೈಕಲ್ಲೇ. ಮೋಟಾರು ಹಿಂದಿನ ಚಕ್ರದ ನಡುವೆಯೇ ಇತ್ತು. ಅದರಿಂದ ಹಳದಿ, ಹಸಿರು, ನೀಲಿ ತಂತಿಗಳು ಹೊರಟಿದ್ದವು. ಬಣ್ಣಕ್ಕೆ ಬಣ್ಣ ಸೇರಿಸಿದೆ. ಆದರೆ ಪೆಟ್ಟಿಗೆಯ ನೆಗ್ಗಿದ ಮೂಲೆಯಲ್ಲಿ ಬಣ್ಣದ ಗುರುತು ಉಜ್ಜಿಹೋಗಿ ಎರಡು ತಂತಿಗಳು ಒಂದೇ ತೆರನಾಗಿ ಕಾಣುತ್ತಿದ್ದವು. ಕೀಲಿ ತಿರುಗಿಸಿ ಹ್ಯಾಂಡಲು ತಿರುಚಿದೆ. ಚಕ್ರ ಹಿಂದಕ್ಕೆ ತಿರುಗಿತು.

ಬಾಗಿಲಲ್ಲಿ ನಿಂತಿದ್ದ ಹೆಂಡತಿ, ‘ಅದು ಚೀನಾಕ್ಕೆ ವಾಪಸ್ ಹೋಗ್ತೀನಿ ಅಂತದೆ ಕಣ್ರೀ’ ಎಂದಳು.

ಅವಳು ಅಷ್ಟು ನಕ್ಕದ್ದನ್ನು ಆ ವರ್ಷ ನಾನು ಕಂಡಿರಲಿಲ್ಲ. ಎರಡು ತಂತಿಗಳನ್ನು ಅದಲುಬದಲು ಮಾಡಿದೆ. ಚಕ್ರ ಮುಂದಕ್ಕೆ ತಿರುಗಿತು. ಸದ್ದೇ ಇಲ್ಲದೆ, ಕಡ್ಡಿಗಳ ನಡುವೆ ಗಾಳಿ ಸುಯ್ಯೆನ್ನುವಷ್ಟು ಮಾತ್ರ. ಆ ಒಂದು ಗಳಿಗೆಗಾಗಿ ಈಗಲೂ ನನ್ನ ಮನಸ್ಸು ಆ ಅಂಗಡಿಗೆ ಹೋಗಿ ಕೂರುತ್ತದೆ. ಕೊನೆಯಲ್ಲಿ ಹ್ಯಾಂಡಲಿಗೆ ಬೆತ್ತದ ಬುಟ್ಟಿ ಕಟ್ಟಿದೆ.

ಗುರುವಾರ ಬೆಳಿಗ್ಗೆ ನಾನೇ ಗಾಡಿ ಹತ್ತಿ ನರಸೀಪುರದ ಹಾದಿ ಹಿಡಿದೆ. ಒಮ್ಮೆ ಚಾರ್ಜು ತುಂಬಿದರೆ ಆ ದೂರಕ್ಕೆ ಸಾಕಾಗಿ ಇನ್ನೂ ಉಳಿಯಬೇಕು ಎಂದು ಆಮದುದಾರರು ಹೇಳಿದ್ದರು. ಹಿಂದಿನ ಸಂಜೆ ಕರೆಂಟು ಎಷ್ಟು ಹೊತ್ತು ಹೋಗಿತ್ತೆಂಬುದನ್ನು ಆ ಲೆಕ್ಕಕ್ಕೆ ಸೇರಿಸಲು ನಾನು ಮರೆತಿದ್ದೆ. ಅರ್ಧ ದಾರಿಯವರೆಗೂ ರಾಜನಂತೆ ಹೋದೆ. ನಾಲೆಯ ಬದಿಯಲ್ಲಿ ದನ ಮೇಯಿಸುತ್ತಿದ್ದವನೊಬ್ಬ, ‘ಏನ್ ಸಾ, ಇಂಜಿನ್ ಆಫಾಗದಲ್ಲ, ಎಂಗೆ ಓಯ್ತಾ ಅದೆ?’ ಎಂದು ಕೂಗಿದ. ಬಿಸಿಲು ಏರಿತು. ನರಸೀಪುರದ ಮನೆಗಳು ಕಾಣುವಷ್ಟು ಹತ್ತಿರ ಬಂದಾಗ ಗಾಡಿ ನಿಧಾನವಾಗಿ, ಮರ್ಯಾದೆಯಿಂದ ನಿಂತಿತು. ತಳ್ಳಿದೆ. ಬ್ಯಾಟರಿಗಳ ಭಾರ ಎಷ್ಟೆಂಬುದು ತಳ್ಳಿದವರಿಗೇ ಗೊತ್ತು.

ಬಸ್ ನಿಲ್ದಾಣಕ್ಕೆ ಹೋಗುವ ದಾರಿ ಷಡ್ಡಕನ ಅಂಗಡಿಯ ಮುಂದೆಯೇ ಹಾದುಹೋಗುತ್ತದೆ. ಬೇರೆ ದಾರಿ ಇದ್ದಿದ್ದರೆ ಹಿಡಿಯುತ್ತಿದ್ದೆ. ಅವನು ಅಂಗಡಿಯ ಬಾಗಿಲಲ್ಲೇ ಕುಳಿತಿದ್ದ. ನನ್ನ ಪಂಚೆ ಮೊಣಕಾಲಿಗೆ ಕಟ್ಟಿತ್ತು, ಅಂಗಿ ಬೆವರಿನಲ್ಲಿ ತೊಯ್ದಿತ್ತು. ಏನು ಹೇಳುತ್ತಾನೆಂದು ಕಾದೆ. ಹೇಳುವ ಮಾತಿಗೆ ಕೊಡಬೇಕಾದ ಉತ್ತರವನ್ನೂ ದಾರಿಯುದ್ದಕ್ಕೂ ಕಟ್ಟಿಕೊಂಡಿದ್ದೆ.

ಅವನು ಎದ್ದು ಬಂದು ಗಾಡಿಯ ಹಿಂಬದಿ ಹಿಡಿದು ಮೆಟ್ಟಿಲು ಹತ್ತಿಸಿದ. ಒಳಗೆ ಇದ್ದದ್ದು ಒಂದೇ ಪ್ಲಗ್ಗು. ಅದಕ್ಕೆ ಅವನ ಟೇಬಲ್ ಫ್ಯಾನು ಸಿಕ್ಕಿಸಿತ್ತು. ಫ್ಯಾನಿನ ವೈರು ಕಿತ್ತು, ನನ್ನ ಚಾರ್ಜರಿನ ವೈರು ಸಿಕ್ಕಿಸಿದ. ‘ಎಷ್ಟೊತ್ತು ಬೇಕಣ್ಣ?’ ಎಂದು ಮಾತ್ರ ಕೇಳಿದ. ಐದು ಗಂಟೆ ಎಂದೆ. ಆಗಲಿ ಎಂದು ಕುರ್ಚಿ ಎಳೆದು ಕೊಟ್ಟ.

ಸಿಸ್ಟರಮ್ಮ ಬಸ್ ನಿಲ್ದಾಣದಿಂದ ಹುಡುಕಿಕೊಂಡು ಅಲ್ಲಿಗೇ ಬಂದರು. ಗಾಡಿಗಿಂತ ಮೊದಲು ಬುಟ್ಟಿಯನ್ನು ಮುಟ್ಟಿ ನೋಡಿದರು. ಆಮೇಲೆ ಚೀಟಿ ತೆಗೆದು ನನ್ನ ಮುಂದೆ ಹಿಡಿದರು.

‘ಅಣ್ಣ, ನಿಮಗೆ ನಷ್ಟ ಆಗದೆ ಅಂತ ಕೇಳ್ಪಟ್ಟೆ. ಎಷ್ಟು ಹೇಳಿ, ಕೊಡ್ತೀನಿ. ನಾನೇನು ಬಿಟ್ಟಿ ಕೇಳಲ್ಲ.’

‘ಚೀಟಿಯಲ್ಲಿ ಏನಿದೆಯೋ ಅಷ್ಟು.’

‘ಅದು ನಿಜವಾದ ಬೆಲೆ ಅಲ್ವಂತಲ್ಲ?’

‘ನಾನು ಬರೆದ ಮೇಲೆ ಅದೇ ನಿಜವಾದ ಬೆಲೆ ತಾಯಿ.’ ನನ್ನ ದನಿ ಏರಿತ್ತು.

ಆಗ ಷಡ್ಡಕ ಬಾಯಿ ಬಿಟ್ಟ. ‘ಸಿಸ್ಟ್ರೇ, ಸುಮ್ಕೆ ಬರ್ದಷ್ಟು ಕೊಟ್ಬುಡಿ. ಇಲ್ದಿದ್ರೆ ಇವ್ರು ಗಾಡಿನ ನಂಜನಗೂಡ್ಗೆ ವಾಪಸ್ ತಳ್ಕೊಂಡು ಓಯ್ತಾರೆ. ನಂಗೊತ್ತಿಲ್ವ ಇವ್ರ ಬುದ್ಧಿ? ಒಂದು ಸಲ ಹೇಳಿದ್ರೆ ಸತ್ರೂ ಬದ್ಲಾಯಿಸಲ್ಲ.’

ಅವರು ಚೀಟಿಯಲ್ಲಿದ್ದಷ್ಟನ್ನೇ ಕೊಟ್ಟರು. ಲಾರಿಯ ಬಾಡಿಗೆಗೆ ನನ್ನ ಲಾಭ ಸರಿಹೋಯಿತು. ಗಾಡಿ ಜೋಡಿಸುವಾಗ ಬೆರಳ ಗಂಟುಗಳಿಗಾದ ತರಚು ಗಾಯ ಮಾತ್ರ ನನ್ನ ಪಾಲಿಗೆ ಉಳಿಯಿತು. ಮಧ್ಯಾಹ್ನದ ಸೆಕೆಯಲ್ಲಿ ಮೂವರೂ ಕುಳಿತೆವು. ಷಡ್ಡಕ ಮೊಪೆಡ್ಡಿನ ಬಣ್ಣದ ಜಾಹೀರಾತು ಹಾಳೆಯೊಂದನ್ನು ಮಡಿಸಿ ಬೀಸಿಕೊಳ್ಳುತ್ತಿದ್ದ. ಆಗಾಗ ಅದರ ಗಾಳಿ ನನಗೂ ಬರುವಂತೆ ಕೈ ತಿರುಗಿಸುತ್ತಿದ್ದ. ಚಾರ್ಜರಿನ ಕೆಂಪು ದೀಪ ಹಸಿರಾದ ಮೇಲೆ ಸಿಸ್ಟರಮ್ಮ ಬೀದಿಯಲ್ಲಿ ಎರಡು ಸುತ್ತು ಹೊಡೆದು, ಕೈ ಬೀಸಿ, ಮೂಗೂರಿನ ರಸ್ತೆಗೆ ತಿರುಗಿದರು. ಅವರು ಕಣ್ಮರೆಯಾಗುವವರೆಗೆ ನಾವಿಬ್ಬರೂ ಬಾಗಿಲಲ್ಲಿ ನಿಂತಿದ್ದೆವು.

‘ಅಂತೂ ಇಳಿಸ್ಬುಟ್ರಿ ಕಣಣ್ಣ’ ಎಂದ ಷಡ್ಡಕ.

ಗೃಹಪ್ರವೇಶದ ದಿನದ ಮಾತಿಗೆ ತಪ್ಪಾಯಿತು ಎನ್ನುತ್ತಾನೇನೋ ಎಂದು ಕಾದೆ. ಅನ್ನಲಿಲ್ಲ. ಫ್ಯಾನಿನ ವೈರನ್ನು ಮತ್ತೆ ಸಿಕ್ಕಿಸಿ ಅದರ ಮುಂದೆ ಕುಳಿತ. ನಾನು ಸಂಜೆಯ ಬಸ್ಸು ಹಿಡಿದು ಊರಿಗೆ ಬಂದೆ.

ಆಮದುದಾರರು ಕೆಲವೇ ವರ್ಷಗಳಲ್ಲಿ ಅಂಗಡಿ ಮುಚ್ಚಿದರು. ಬದಲಿ ಬ್ಯಾಟರಿ ಸಿಗದೆ ಸಿಸ್ಟರಮ್ಮನ ಗಾಡಿಯೂ ನಿಂತಿತು. ಆದರೆ ಅಷ್ಟರೊಳಗೆ ಅವರು ಅದೇ ಹಳ್ಳಿಗಳಲ್ಲೇ ನಿವೃತ್ತರಾಗಿದ್ದರು. ಬುಟ್ಟಿಯನ್ನು ಬಿಚ್ಚಿ ಅಡುಗೆಮನೆಯಲ್ಲಿ ಈರುಳ್ಳಿಗೆ ಇಟ್ಟುಕೊಂಡಿದ್ದಾರಂತೆ. ಷಡ್ಡಕ ಈಗಿಲ್ಲ. ಪಂಚರಿನ ಮಾತನ್ನೂ ಮರ್ಯಾದೆಯ ಮಾತನ್ನೂ ನಾನು ಮರೆತಿಲ್ಲ. ಮರೆಯುವ ಉದ್ದೇಶವೂ ಇಲ್ಲ. ಆದರೆ ಇಂಥವನ್ನೆಲ್ಲ ಬಿಡದೆ ನೆನಪಿಟ್ಟುಕೊಳ್ಳುವವನು ಆ ಫ್ಯಾನನ್ನೂ ನೆನಪಿಟ್ಟುಕೊಳ್ಳಬೇಕಾಗುತ್ತದೆ. ಬೇಸಿಗೆಯ ಸೆಕೆಯಲ್ಲಿ ಐದು ಗಂಟೆಗಳ ಕಾಲ ಅದು ನಿಂತಿತ್ತು. ಅವನು ಒಮ್ಮೆಯೂ ಗಡಿಯಾರ ನೋಡಲಿಲ್ಲ.